ಸ್ವಾಮ್ಯವೂ ಸಂರಕ್ಷಣೆಯೂ: ‘ಸ್ಕಾರ್‌ಫೇಸ್’ ಚಲಚ್ಚಿತ್ರದ ನಿಮಿತ್ತವಾಗಿ ಒಂದು ವಿಚಾರ

೧

ಅಮೆರಿಕಾ ದೇಶದಲ್ಲಿ ೧೯೩೨ರಲ್ಲಿ ಪ್ರಕಟವಾದ ‘ಸ್ಕಾರ್‌ಫೇಸ್’ ಎಂಬ ಚಲಚ್ಚಿತ್ರವನ್ನು ಈಚೆಗೆ ಮನೆಯಲ್ಲಿ ಕುಳಿತು ಅಂತರ್ಜಾಲದ ಮೂಲಕ ನೋಡಿದೆನೆಂದು ನಮ್ಮ ಸಂಘದ ಮಿತ್ರರೊಬ್ಬರಲ್ಲಿ ಹೇಳಿದೆನು. ಅವರು ನಕ್ಕು ಎರಡು ಪ್ರಶ್ನೆಗಳನ್ನು ಕೇಳಿದರು. “ಇಷ್ಟು ವರ್ಷ ಕಾವ್ಯನಾಟಕಗಳ ಪಾಠ ಹೇಳಿದ ತಮಗೆ ಕೊಲೆಗಡುಕರ ಕಥೆಯಲ್ಲಿ ನೋಡತಕ್ಕದ್ದು ಏನು ಕಂಡಿತು?” ಎಂಬುದು ಮೊದಲನೆಯದು. “ಆ ಚಿತ್ರಕ್ಕೆ ಒಡೆಯರಿರಬೇಕಷ್ಟೆ, ಅವರ ಅಪ್ಪಣೆಯಾಗಿತ್ತೆ? ಇಲ್ಲವಾದರೆ ಕಳ್ಳರ ಕಥೆಯನ್ನು ಕದ್ದು ನೋಡಿದಂತಾಗಲಿಲ್ಲವೆ?” ಎಂಬುದು ಎರಡನೆಯದು. ಮೊದಲನೆಯದಕ್ಕೆ ನಾನು ಅಲ್ಲಿಯೇ ಸಮಾಧಾನ ಹೇಳಿದೆನು. ಎರಡನೆಯದಕ್ಕೆ ಉತ್ತರ ತೋರದೆ ಮನೆಗೆ ಬಂದೆನು. ಈ ಲೇಖನವು ಆ ಎರಡನೆಯ ಪ್ರಶ್ನೆಯಿಂದ ಹುಟ್ಟಿದುದು. ಆದರೆ ನೋಡಲು ಯೋಗ್ಯವಾದುದನ್ನು ಕುರಿತಲ್ಲದೆ ನೋಡಬಹುದೆ, ಕೂಡದೆ ಎಂಬ ಚರ್ಚೆಗೆ ಅರ್ಥವಿಲ್ಲವಾದುದರಿಂದ ಮೊದಲನೆಯ ಪ್ರಶ್ನೆಯನ್ನೂ ಸ್ವಲ್ಪಮಟ್ಟಿಗೆ ವಿಚಾರಿಸಬೇಕಾಗಿದೆ.

ಪಾತಕಿಯ ಕಥೆ ಸಾಹಿತ್ಯಕ್ಕೆ ಹೊಸದಲ್ಲ. ‘ಮೃಚ್ಛಕಟಿಕ’ದ ಮೂರನೆಯ ಅಂಕದಲ್ಲಿ ಶರ್ವಿಲಕನು ಚಾರುದತ್ತನ ಮನೆಗೆ ಕನ್ನ ಹಾಕುವ ಸನ್ನಿವೇಶವನ್ನು ಓದಿದವರಿಗೆ ಅವನ ಕೈಚಳಕವನ್ನು ಕಂಡು ತಲೆದೂಗಬೇಕೆನಿಸುವುದು, ಮರುಕ್ಷಣದಲ್ಲಿ ಚಾರುದತ್ತನ ಗತಿಯೇನೆಂದು ಎದೆ ನಡುಗುವುದು. ದಂಡಿಯ ‘ದಶಕುಮಾರಚರಿತ’ದಲ್ಲಿ ಅಪಹಾರವರ್ಮನು ಚಂಪಾನಗರದ ಜಿಪುಣರ ಮನೆಗಳನ್ನು ಬರಿದುಮಾಡುವ ವೃತ್ತಾಂತವನ್ನು ಪಂಡಿತರು ಶತಮಾನಗಳಿಂದ ಶಿಷ್ಯರಿಗೆ ಹೇಳಿಕೊಡುತ್ತಲೇ ಇದ್ದಾರೆ. ನಮ್ಮ ರನ್ನನ ‘ಗದಾಯುದ್ಧ’ವಾದರೂ ಭೀಮನನ್ನು ನಾಯಕನನ್ನಾಗಿ ಮಾಡಹೊರಟ ಕಾವ್ಯ, ಓದುಗನ ಕಣ್ಣೀರು ಮಾತ್ರ ದುರ್ಯೋಧನನ ಪಾಲಿಗೆ ಹೋಗುತ್ತದೆ. ದುಷ್ಟನ ದುಷ್ಟತನವನ್ನು ಒಪ್ಪದೆಯೇ ಅವನ ಪತನದಲ್ಲಿ ಮನುಷ್ಯನನ್ನು ಕಾಣುವ ಶಕ್ತಿ ಸಹೃದಯನಿಗೆ ಉಂಟು. ಅಮೆರಿಕಾದ ಪಾತಕಿತಂಡಗಳ ಚಿತ್ರಗಳು, ಅಂದರೆ ಗ್ಯಾಂಗ್‌ಸ್ಟರ್ ಚಿತ್ರಗಳೆಂದು ಹೆಸರಾದುವು, ಈ ಶಕ್ತಿಯನ್ನೇ ನಂಬಿ ಹುಟ್ಟಿದುವು.

೨

ಈ ಜಾತಿಯ ಚಿತ್ರಗಳಲ್ಲಿ ಬಹಳ ಹಳೆಯದೆಂದು ಸಾಮಾನ್ಯವಾಗಿ ಎಣಿಸುವುದು ಡಿ. ಡಬ್ಲ್ಯು. ಗ್ರಿಫಿತ್ ೧೯೧೨ರಲ್ಲಿ ತೆಗೆದ ‘ದಿ ಮಸ್ಕೆಟಿಯರ್ಸ್ ಆಫ್ ಪಿಗ್ ಆಲಿ’ ಎಂಬ ಕಿರುಚಿತ್ರವನ್ನು. ೧೯೧೫ರಲ್ಲಿ ರಾವುಲ್ ವಾಲ್ಷ್ ‘ರೀಜನರೇಷನ್’ ಎಂಬ ದೊಡ್ಡ ಮೂಕಚಿತ್ರವನ್ನು ನ್ಯೂಯಾರ್ಕಿನ ಬಡಕೇರಿಗಳಲ್ಲಿಯೇ ತೆಗೆದನು. ೧೯೨೦ರಿಂದ ೧೯೩೩ರವರೆಗೆ ಆ ದೇಶದಲ್ಲಿ ಪಾನನಿರೋಧದ ಶಾಸನವಿದ್ದುದು ಸರಿಯಷ್ಟೆ. ಕಳ್ಳಭಟ್ಟಿಯ ವ್ಯಾಪಾರದಿಂದ ಚಿಕಾಗೋ ಮೊದಲಾದ ಪಟ್ಟಣಗಳಲ್ಲಿ ತಂಡಗಳು ಕೊಬ್ಬಿದುವು. ಆಲ್ ಕಪೋನ್ ಎಂಬವನ ಹೆಸರು ಲೋಕಕ್ಕೆಲ್ಲ ತಿಳಿಯಿತು. ಚಿಕಾಗೋ ನಗರದಲ್ಲಿ ಪತ್ರಿಕಾಕರ್ತನಾಗಿದ್ದ ಬೆನ್ ಹೆಕ್ಟ್ ಆ ಲೋಕವನ್ನು ಹತ್ತಿರದಿಂದ ಕಂಡವನು. ಅವನ ಕಥೆಯನ್ನು ಆಧರಿಸಿ ಜೋಸೆಫ್ ಫಾನ್ ಸ್ಟರ್ನ್‌ಬರ್ಗ್ ೧೯೨೭ರಲ್ಲಿ ‘ಅಂಡರ್‌ವರ್ಲ್ಡ್’ ಚಿತ್ರವನ್ನು ಮಾಡಿದನು. ಮೊಟ್ಟಮೊದಲನೆಯ ಅಕಾಡೆಮಿ ಪ್ರಶಸ್ತಿಗಳಲ್ಲಿ ಕಥೆಗೆ ಕೊಟ್ಟ ಬಹುಮಾನವು ಹೆಕ್ಟನಿಗೆ ಸಂದಿತು. ಆದ್ಯಂತವಾಗಿ ಮಾತುಳ್ಳ ಮೊದಲ ದೊಡ್ಡ ವಾಕ್ಚಿತ್ರವಾದ ‘ಲೈಟ್ಸ್ ಆಫ್ ನ್ಯೂಯಾರ್ಕ್’ (೧೯೨೮) ಕೂಡ ಪಾತಕಿಗಳ ಕಥೆಯೇ ಆಗಿದ್ದಿತು. ೧೯೩೧ರಲ್ಲಿ ‘ಲಿಟಲ್ ಸೀಸರ್’, ‘ದಿ ಪಬ್ಲಿಕ್ ಎನಿಮಿ’ ಎಂಬ ಎರಡು ಚಿತ್ರಗಳು ಬಂದು ಜನಪ್ರಿಯವಾದುವು. ಅವುಗಳ ಬೆನ್ನಿಗೆ ಬಂದುದು ಹವರ್ಡ್ ಹ್ಯೂಸನು ಹಣಹಾಕಿ, ಹವರ್ಡ್ ಹಾಕ್ಸನು ನಿರ್ದೇಶಿಸಿದ ‘ಸ್ಕಾರ್‌ಫೇಸ್’. ಅದರ ಕಥನಕ್ಕೂ ಹೆಕ್ಟನೇ ಕೈಹಾಕಿದ್ದನು.

ಕಥೆ ಸರಳವಾದುದು. ಟೋನಿ ಕಮೊಂಟೆ ಎಂಬವನು ಒಬ್ಬ ನಾಯಕನ ಬಂಟನಾಗಿ ಸೇರಿ, ಕೊಂದು ಕೊಂದು ಮೇಲೇರಿ, ಕೊನೆಗೆ ತನ್ನ ನಾಯಕನನ್ನೂ ಮುಗಿಸಿ ತಾನೇ ಒಡೆಯನಾಗುತ್ತಾನೆ. ತಂಗಿಯ ಮೇಲಿನ ಅವನ ಅತಿಯಾದ ಮಮತೆಯು ವಿಕಾರಕ್ಕೆ ತಿರುಗಿ, ತನ್ನ ಪ್ರಾಣಮಿತ್ರನನ್ನೇ ಕೊಲ್ಲುವಂತೆ ಮಾಡುತ್ತದೆ, ಅಲ್ಲಿಂದ ನಾಶವೇ. ಈ ಸರಳ ಕಥೆಗೆ ನಿರ್ದೇಶಕನು ಕೊಟ್ಟಿರುವ ರೂಪವನ್ನು ನೋಡಬೇಕು. ಮೊದಲನೆಯ ದೃಶ್ಯ ಒಂದೇ ಉಸಿರಿನಲ್ಲಿ ನಡೆಯುತ್ತದೆ. ಬೆಳಗಿನ ಜಾವ, ಔತಣ ಮುಗಿದ ಕೋಣೆಯಲ್ಲಿ ಬಣ್ಣದ ಕಾಗದಗಳು ಚೆಲ್ಲಿವೆ, ಹಳೆಯ ನಾಯಕನೊಬ್ಬನು ಟೆಲಿಫೋನಿನ ಬಳಿ ನಿಂತಿದ್ದಾನೆ. ಗೋಡೆಯ ಮೇಲೆ ಒಂದು ನೆರಳು ಸಿಳ್ಳು ಹಾಕುತ್ತ ಬರುತ್ತದೆ. ಗುಂಡಿನ ಶಬ್ದವಾಗುತ್ತದೆ, ನೆರಳು ಹೊರಟುಹೋಗುತ್ತದೆ. ಕೊಂದವನ ಮುಖವನ್ನು ನಾವು ಕಾಣುವುದಿಲ್ಲ. ನಾಟ್ಯಶಾಸ್ತ್ರದ ಪರಂಪರೆಯಲ್ಲಿ ವಧೆಯನ್ನು ರಂಗದ ಮೇಲೆ ತೋರಿಸಬಾರದೆಂದು ಕಟ್ಟುಪಾಡು ಉಂಟು. ಆ ಕಟ್ಟುಪಾಡನ್ನು ಕೇಳಿಯೂ ಅರಿಯದ ಈ ನಿರ್ದೇಶಕನು ನೆರಳಿನಲ್ಲಿ ಮರೆಸಿ, ತೋರಿಸಿದುದಕ್ಕಿಂತ ಹೆಚ್ಚಿನ ಭಯವನ್ನು ಹುಟ್ಟಿಸಿದ್ದಾನೆ.

ಚಿತ್ರದಲ್ಲಿ ಸಾವು ಬರುವೆಡೆಯಲ್ಲೆಲ್ಲ ಕತ್ತರಿಯಾಕಾರದ ಗುರುತೊಂದು ಎಲ್ಲಿಯಾದರೂ ಬಿದ್ದಿರುತ್ತದೆ: ಗೋಡೆಯ ನೆರಳಿನಲ್ಲಿ, ಮಾಡಿನ ತೊಲೆಗಳಲ್ಲಿ, ಆಟದ ಲೆಕ್ಕಪಟ್ಟಿಯಲ್ಲಿ, ಮನೆಯ ಬಾಗಿಲ ಸಂಖ್ಯೆಯಲ್ಲಿ, ಟೋನಿಯ ಕೆನ್ನೆಯ ಗಾಯದ ಕಲೆಯಲ್ಲಿ. ಪ್ರತಿಪಕ್ಷದ ನಾಯಕನೊಬ್ಬನು ಚೆಂಡುರುಳಿಸಿ ಗೂಟಗಳನ್ನು ಬೀಳಿಸುವ ಆಟವಾಡುತ್ತಿರುವಾಗ ಗುಂಡೇಟು ತಿನ್ನುತ್ತಾನೆ. ನಾವು ಅವನು ಬೀಳುವುದನ್ನು ನೋಡುವುದಿಲ್ಲ. ಅವನು ಉರುಳಿಸಿದ ಚೆಂಡು ಹೋಗಿ ಗೂಟಗಳಿಗೆ ತಗಲುತ್ತದೆ. ಉಳಿದ ಒಂದೇ ಗೂಟ ತಿರುತಿರುಗಿ ಕೊನೆಗೆ ಬೀಳುತ್ತದೆ. ಆನಂದವರ್ಧನನು ಬದುಕಿದ್ದರೆ ಇದನ್ನು ಧ್ವನಿಗೆ ಉದಾಹರಣೆಯಾಗಿ ಎತ್ತಿಕೊಳ್ಳುತ್ತಿದ್ದನೆಂದರೆ ಉತ್ಪ್ರೇಕ್ಷೆಯಾಗದು. ಟೋನಿಯ ಮಿತ್ರನು ಸದಾ ಒಂದು ನಾಣ್ಯವನ್ನು ಚಿಮ್ಮಿ ಹಿಡಿಯುತ್ತಿರುತ್ತಾನೆ. ಅವನು ಸತ್ತನೆಂಬುದು ನಾಣ್ಯವು ಕೈಗೆ ಬಾರದೆ ನೆಲಕ್ಕೆ ಬೀಳುವುದರಿಂದ ತಿಳಿಯುತ್ತದೆ.

ಇಂತಹ ಕತ್ತಲೆಯ ನಡುವೆ ಹಾಸ್ಯವೂ ಇದೆ. ಟೋನಿ ನಾಟಕ ನೋಡಲು ಹೋಗಿ, ಕೊನೆಯ ಅಂಕಕ್ಕೆ ಮುಂಚೆಯೇ ಕೊಲೆಗಾಗಿ ಎದ್ದು ಹೋಗಬೇಕಾಗಿ ಬಂದು, ಕಥೆ ಏನಾಯಿತೆಂದು ಆಮೇಲೆ ಬಂದು ಹೇಳುವಂತೆ ಬಂಟನೊಬ್ಬನನ್ನು ಅಲ್ಲಿಯೇ ಬಿಡುತ್ತಾನೆ! ಅವನ ಗುಮಾಸ್ತನಿಗೆ ಟೆಲಿಫೋನಿನಲ್ಲಿ ಹೆಸರು ಕೇಳಿ ಬರೆದುಕೊಳ್ಳುವುದಕ್ಕೆ ಒಮ್ಮೆಯೂ ಬಾರದು. ಕೊನೆಯಲ್ಲಿ ಗುಂಡೇಟು ತಿಂದು ಸಾಯುವ ಹೊತ್ತಿಗೆ ಮಾತ್ರ ಅವನು ಒಂದು ಹೆಸರನ್ನು ಸರಿಯಾಗಿ ಕೇಳಿ ತಿಳಿಸಿ ಬೀಳುತ್ತಾನೆ. ನಗುತ್ತಿದ್ದವರ ಕಣ್ಣು ಅಲ್ಲಿ ತೇವವಾಗುತ್ತದೆ.

ದೋಷಗಳೂ ಇಲ್ಲದಿಲ್ಲ. ಆ ಕಾಲದ ಪರಿಶೀಲಕಮಂಡಲಿಗಳು ಚಿತ್ರಕ್ಕೆ ತೊಂದರೆಕೊಟ್ಟುದರಿಂದ, ಪತ್ರಿಕೆಯ ಒಡೆಯನೊಬ್ಬನು ನಾಗರಿಕರಿಗೆ ಉಪದೇಶಮಾಡುವ ದೃಶ್ಯವನ್ನು ನಡುವೆ ತುರುಕಿದರು. ಅದು ಹಾಕ್ಸನು ತೆಗೆದುದಲ್ಲ. ‘ರಾಷ್ಟ್ರದ ಲಜ್ಜೆ’ ಎಂಬರ್ಥದ ಉಪನಾಮವನ್ನೂ ಅಂಟಿಸಿದರು. ಟೋನಿಯು ನ್ಯಾಯಸ್ಥಾನದಲ್ಲಿ ತೀರ್ಪುಹೊಂದಿ ಗಲ್ಲಿಗೇರುವ ಮತ್ತೊಂದು ಮುಕ್ತಾಯವನ್ನು ಬೇರೆಯಾಗಿ ಸಿದ್ಧಪಡಿಸಿದರು. ಕಾಂತಾಸಂಮಿತವಾಗಿ ಹೇಳಬೇಕಾದ ಉಪದೇಶವನ್ನು ಪ್ರಭುಸಂಮಿತವಾಗಿ ಹೇಳಿದರೆ ಎಂತಹ ರಸಭಂಗವಾಗುವುದೆಂಬುದಕ್ಕೆ ಈ ತುರುಕುಗಳು ಸಾಕ್ಷಿ. ಹೊರನಾಡಿನಿಂದ ಬಂದು ನೆಲೆಸಿದ ಜನರ ಮೇಲೆಯೇ ಪಾತಕದ ಭಾರವನ್ನು ಹೊರಿಸುವ ಧೋರಣೆಯೂ ಅಲ್ಲಿ ಕಾಣುವುದು. ಅದು ಇಂದು ಕಿವಿಗೆ ಕಟುವಾಗಿದೆ. ಹೀಗಿದ್ದರೂ ಒಟ್ಟಿನಲ್ಲಿ ಇದು ಉಳಿಯತಕ್ಕ ಕೃತಿಯೆಂಬುದರಲ್ಲಿ ನನಗೆ ಸಂಶಯವಿಲ್ಲ.

೩

ಉಳಿಯತಕ್ಕ ಈ ಕೃತಿ ಉಳಿದುದು ಹೇಗೆ? ಇಲ್ಲಿಂದ ಎರಡನೆಯ ಪ್ರಶ್ನೆ ಮೊದಲಾಗುತ್ತದೆ.

ಹ್ಯೂಸನು ಅಪಾರ ಐಶ್ವರ್ಯವಂತನು. ವಯಸ್ಸಾದಂತೆ ಜನಸಂಪರ್ಕವನ್ನು ಬಿಟ್ಟು ಏಕಾಂತದಲ್ಲಿ ಸೇರಿಹೋದವನು. ‘ಸ್ಕಾರ್‌ಫೇಸ್’ ಚಿತ್ರದ ಸ್ವಾಮ್ಯ ಅವನದು. ಅವನು ಅದನ್ನು ಪ್ರದರ್ಶನದಿಂದ ಹಿಂತೆಗೆದುಕೊಂಡು, ಅನೇಕ ದಶಕಗಳ ಕಾಲ ಯಾರಿಗೂ ತೋರಿಸಗೊಡಲಿಲ್ಲ. ಚಲಚ್ಚಿತ್ರಕಲೆಯ ಅಭ್ಯಾಸಿಗಳು ಅದರ ಹೆಸರನ್ನು ಕೇಳಿ ಬೆಳೆದರು. ಕೆಲವರು ಅಪ್ಪಣೆಯಿಲ್ಲದ ಪ್ರತಿಗಳನ್ನು ಗುಟ್ಟಾಗಿ ನೋಡಿದರು. ೧೯೭೬ರಲ್ಲಿ ಹ್ಯೂಸನು ತೀರಿಕೊಂಡ ಮೇಲೆ ಯೂನಿವರ್ಸಲ್ ಕಂಪನಿಯವರು ಹಕ್ಕನ್ನು ಪಡೆದು, ೧೯೭೯ರಲ್ಲಿ ಅದನ್ನು ಮತ್ತೆ ಜನರ ಮುಂದೆ ತಂದರು. ೧೯೩೨ರಲ್ಲಿ ಇಪ್ಪತ್ತು ವರ್ಷದ ಯುವಕನಾಗಿ ನೋಡಿದವನು ಎರಡನೆಯ ಸಲ ಧರ್ಮವಾಗಿ ನೋಡಬೇಕಾದರೆ ಬಹುಮಟ್ಟಿಗೆ ಮುದುಕನಾಗುವವರೆಗೆ ಕಾಯಬೇಕಾಗಿದ್ದಿತು. ಶಾಸನದ ದೃಷ್ಟಿಯಿಂದ ಹ್ಯೂಸನು ಯಾವ ತಪ್ಪನ್ನೂ ಮಾಡಲಿಲ್ಲ. ಸ್ವಾಮ್ಯವೆಂದರೆ ತೋರಿಸುವ ಅಧಿಕಾರ. ತೋರಿಸದಿರುವ ಅಧಿಕಾರವೂ ಅದರಲ್ಲಿಯೇ ಅಡಗಿದೆ.

ಇಷ್ಟನ್ನೇ ಹೇಳಿ ಹ್ಯೂಸನನ್ನು ದೂಷಿಸಿ ಮುಗಿಸಬಹುದಾಗಿತ್ತು. ಆದರೆ ವಿಷಯ ಅಷ್ಟು ಸುಲಭವಲ್ಲ. ಲೂಯಿಸ್ ಮೈಲ್‌ಸ್ಟೋನ್ ನಿರ್ದೇಶಿಸಿ ಹ್ಯೂಸನೇ ನಿರ್ಮಿಸಿದ ‘ದಿ ರ‍್ಯಾಕೆಟ್’ (೧೯೨೮) ಎಂಬ ಮೂಕಚಿತ್ರವೂ ಪಾತಕಿತಂಡದ ಕಥೆ. ಮೊದಲನೆಯ ವರ್ಷದ ಅಕಾಡೆಮಿ ಪ್ರಶಸ್ತಿಗೆ ಅತ್ಯುತ್ತಮ ಚಿತ್ರಗಳ ಸಾಲಿನಲ್ಲಿ ನಿಂತಿದ್ದುದು. ಅದು ಕಳೆದುಹೋಯಿತೆಂದೇ ಎಲ್ಲರೂ ಎಣಿಸಿದ್ದರು. ಹ್ಯೂಸನ ಮರಣಾನಂತರ ಅವನ ಸಂಗ್ರಹದಲ್ಲಿ ಅದರ ಪ್ರತಿ ಸಿಕ್ಕಿತು. ಲಾಸ್ ವೇಗಸ್ ನಗರದ ನೆವಾಡ ವಿಶ್ವವಿದ್ಯಾನಿಲಯದವರು ಅದನ್ನು ಉದ್ಧರಿಸಿದರು. ‘ಸ್ಕಾರ್‌ಫೇಸ್’ ಚಿತ್ರವನ್ನು ಲೋಕದ ಕಣ್ಣಿನಿಂದ ಮರೆಸಿದ ಬೀಗವೇ ‘ದಿ ರ‍್ಯಾಕೆಟ್’ ಚಿತ್ರವನ್ನು ಬೆಂಕಿಯಿಂದಲೂ ಕಸದ ಬುಟ್ಟಿಯಿಂದಲೂ ಕಾಪಾಡಿತು.

ಆದಕಾರಣ ಮೂರು ಪದಾರ್ಥಗಳನ್ನು ಬೇರೆಬೇರೆಯಾಗಿ ಇಟ್ಟು ನೋಡಬೇಕು. ಚಿತ್ರವು ಅಂಟಿಕೊಂಡಿರುವ ಸುರುಳಿ ಒಂದು; ಅದನ್ನು ಪ್ರತಿಮಾಡುವ, ತೋರಿಸುವ ಹಕ್ಕಾದ ಸ್ವಾಮ್ಯ ಎರಡನೆಯದು; ಜನರಿಗೆ ಅದರ ದರ್ಶನ ಮೂರನೆಯದು. ಸುರುಳಿ ಒಬ್ಬನಲ್ಲಿದ್ದು ಸ್ವಾಮ್ಯ ಮತ್ತೊಬ್ಬನಲ್ಲಿರಬಹುದು; ಎರಡೂ ಇದ್ದು ದರ್ಶನವಿಲ್ಲದಿರಬಹುದು. ಸಂರಕ್ಷಣೆಯ ವಿಚಾರದಲ್ಲಿ ನಡೆಯುವ ಜಗಳಗಳಲ್ಲಿ ಬಹುಪಾಲು ಈ ಮೂರನ್ನು ಒಂದೆಂದು ಭ್ರಮಿಸುವುದರಿಂದ ಹುಟ್ಟಿದುವೆಂದು ನನಗೆ ತೋರುತ್ತದೆ.

೪

ಸುರುಳಿಯ ಸ್ವಭಾವವನ್ನು ಅರಿಯದವರಿಗೆ ಇದರ ಆತುರ ತಿಳಿಯದು. ಹಿಂದಿನ ಚಿತ್ರಗಳನ್ನು ನೈಟ್ರೇಟ್ ಎಂಬ ದ್ರವ್ಯದ ಪಟ್ಟಿಯ ಮೇಲೆ ಮುದ್ರಿಸುತ್ತಿದ್ದರು. ಅದು ಬಲುಬೇಗ ಹೊತ್ತಿಕೊಳ್ಳುವುದು. ಹೊತ್ತದಿದ್ದರೆ ತನ್ನಷ್ಟಕ್ಕೆ ತಾನೇ ಕೊಳೆತು ಅಂಟಾಗಿ, ಕಡೆಗೆ ಪುಡಿಯಾಗುವುದು. ನ್ಯೂಜರ್ಸಿಯ ಲಿಟಲ್ ಫೆರಿ ಎಂಬ ಊರಿನಲ್ಲಿದ್ದ ಫಾಕ್ಸ್ ಕಂಪನಿಯ ಉಗ್ರಾಣ ೧೯೩೭ರ ಜುಲೈ ತಿಂಗಳಲ್ಲಿ ಸುಟ್ಟು, ಆ ಕಂಪನಿಯ ಮೂಕಚಿತ್ರಗಳಲ್ಲಿ ಬಹುಭಾಗ ಬೂದಿಯಾಯಿತು. ಮೇಲೆ ಹೇಳಿದ ‘ರೀಜನರೇಷನ್’ ಆ ಕಂಪನಿಯದೇ; ಅದೂ ನಷ್ಟವಾಯಿತೆಂದು ತಿಳಿದಿದ್ದಾಗ ೧೯೭೦ರ ದಶಕದಲ್ಲಿ ಒಂದು ಪ್ರತಿ ಸಿಕ್ಕಿತು. ಉಗ್ರಾಣದ ಹೊರಗೆ ಎಲ್ಲಿಯೋ ಒಂದು ಪ್ರತಿ ಉಳಿದಿದ್ದುದರಿಂದಲ್ಲವೆ ಅದು ನಮಗೆ ದಕ್ಕಿತು? ಅಮೆರಿಕಾದ ಕಾಂಗ್ರೆಸ್ ಪುಸ್ತಕಭಂಡಾರದವರು ೨೦೧೩ರಲ್ಲಿ ಪ್ರಕಟಿಸಿದ ಪರಿಶೀಲನೆಯಂತೆ, ಆ ದೇಶದ ಸುಮಾರು ೧೦,೯೦೦ ದೊಡ್ಡ ಮೂಕಚಿತ್ರಗಳಲ್ಲಿ ಮೂಲರೂಪದಲ್ಲಿ ಪೂರ್ಣವಾಗಿ ಉಳಿದುವು ಶೇಕಡಾ ೧೪ ಮಾತ್ರ.

ಇಂತಹ ನಾಶದ ನಡುವೆ ಕೃತಿಸ್ವಾಮ್ಯದ ಶಾಸನವೇ ರಕ್ಷಕನಾದ ಒಂದು ವಿಚಿತ್ರ ಪ್ರಸಂಗವೂ ಉಂಟು. ೧೯೧೨ರವರೆಗೆ ಅಮೆರಿಕಾದ ಕಾಯಿದೆಯಲ್ಲಿ ಚಲಚ್ಚಿತ್ರವೆಂಬ ಪದಾರ್ಥವೇ ಇರಲಿಲ್ಲ. ಛಾಯಾಚಿತ್ರ ಮಾತ್ರ ಇದ್ದಿತು. ಆದಕಾರಣ ನಿರ್ಮಾಪಕರು ತಮ್ಮ ಚಿತ್ರಗಳ ಒಂದೊಂದು ಚೌಕವನ್ನೂ ಉದ್ದನೆಯ ಕಾಗದದ ಸುರುಳಿಯ ಮೇಲೆ ಮುದ್ರಿಸಿ, ಛಾಯಾಚಿತ್ರಗಳೆಂದು ದಾಖಲೆಮಾಡಿಸಿ, ಕಾಂಗ್ರೆಸ್ ಪುಸ್ತಕಭಂಡಾರಕ್ಕೆ ಒಪ್ಪಿಸಿದರು. ನೈಟ್ರೇಟ್ ಸುರುಳಿಗಳು ಹಾಳಾದುವು, ಕಾಗದ ಉಳಿಯಿತು. ಅರ್ಧಶತಮಾನದ ಮೇಲೆ ಆ ಕಾಗದದಿಂದ ಮತ್ತೆ ಚಿತ್ರಗಳನ್ನು ತೆಗೆದು, ಸುಮಾರು ೩,೦೦೦ ಹಳೆಯ ಚಿತ್ರಗಳನ್ನು ಉಳಿಸಿಕೊಂಡರು. ಹಕ್ಕನ್ನು ಬೇಡಿದವನು ಒಂದು ಪ್ರತಿಯನ್ನು ಸಮಾಜದ ಕೈಯಲ್ಲಿ ಇಡಬೇಕಾಗಿದ್ದುದೇ ಇದರ ಗುಟ್ಟು. ಸ್ವಾಮ್ಯದ ಜೊತೆಗೆ ಒಂದು ಹೊಣೆಯೂ ಇದ್ದಾಗ ಕೃತಿ ಬದುಕಿತು.

ಮುಂದೆ ಶಾಸನದಲ್ಲಿ ಹಕ್ಕು ಬೆಳೆಯುತ್ತ ಹೋಯಿತು, ಹೊಣೆ ಬೆಳೆಯಲಿಲ್ಲ. ೧೯೦೯ರ ಕಾಯಿದೆಯಂತೆ ಮೊದಲು ೨೮ ವರ್ಷ, ಒಡೆಯನು ಅರ್ಜಿ ಕೊಟ್ಟು ನವೀಕರಿಸಿಕೊಂಡರೆ ಇನ್ನು ೨೮ ವರ್ಷ ಸ್ವಾಮ್ಯ ನಡೆಯುತ್ತಿದ್ದಿತು. ಆಮೇಲೆ ಅವಧಿ ೭೫ ವರ್ಷವಾಯಿತು. ೧೯೯೮ರಲ್ಲಿ ಮತ್ತೆ ೨೦ ವರ್ಷ ಸೇರಿಸಿ ೯೫ ಮಾಡಿದರು. ಇದು ಅನ್ಯಾಯವೆಂದು ಎರಿಕ್ ಎಲ್‌ಡ್ರೆಡ್ ಎಂಬವರು ಹೂಡಿದ ವ್ಯಾಜ್ಯದಲ್ಲಿ ೨೦೦೩ರಲ್ಲಿ ಅಲ್ಲಿಯ ಸರ್ವೋಚ್ಚ ನ್ಯಾಯಾಲಯವು ಏಳು ಮಂದಿ ನ್ಯಾಯಾಧೀಶರ ಬಹುಮತದಿಂದ ಕಾಯಿದೆಯನ್ನೇ ಎತ್ತಿಹಿಡಿಯಿತು, ಇಬ್ಬರು ಒಪ್ಪಲಿಲ್ಲ. ಇದರಿಂದ ೧೯೨೩ರ ಕೃತಿಗಳು ಸಾರ್ವಜನಿಕ ಸ್ವತ್ತಾಗುವುದಕ್ಕೆ ೨೦೧೯ರ ಜನವರಿ ೧ರವರೆಗೆ ಕಾಯಬೇಕಾಯಿತು. ‘ಅಂಡರ್‌ವರ್ಲ್ಡ್’ ೨೦೨೩ರಲ್ಲಿಯೂ ‘ದಿ ರ‍್ಯಾಕೆಟ್’ ೨೦೨೪ರಲ್ಲಿಯೂ ಬಿಡುಗಡೆಯಾದುವು. ಇದೇ ಲೆಕ್ಕದಂತೆ ‘ಸ್ಕಾರ್‌ಫೇಸ್’ ಚಿತ್ರದ ಸರದಿ ೨೦೨೮ರ ಜನವರಿ ೧ರಂದು. ಶಾಸನವು ೯೫ ವರ್ಷ ಕಾಯಬಲ್ಲುದು. ಕೊಳೆಯುವ ಸುರುಳಿಗೆ ಆ ತಾಳ್ಮೆಯಿಲ್ಲ.

ಹಾಗಾದರೆ ಸ್ವಾಮ್ಯವೇ ಇಲ್ಲದಿದ್ದರೆ ಕೃತಿ ಸುಖವಾಗಿ ಉಳಿಯುವುದೆಂದು ಹೇಳಬಹುದೆ? ಹೇಳಲಾಗದು. ರುಡಾಲ್ಫ್ ಮಾತೆ ನಿರ್ದೇಶಿಸಿದ ‘ಡಿ.ಓ.ಎ.’ (೧೯೫೦) ಎಂಬ ಚಿತ್ರವಿದೆ. ವಿಷಪ್ರಯೋಗಕ್ಕೆ ಒಳಗಾದ ಒಬ್ಬನು ಪೋಲೀಸು ಠಾಣೆಗೆ ಬಂದು ತನ್ನ ಕೊಲೆಯನ್ನು ತಾನೇ ವರದಿಮಾಡುವ ಅಪೂರ್ವ ಕಥೆ. ಅದರ ಸ್ವಾಮ್ಯವನ್ನು ಕಾಲಕ್ಕೆ ಸರಿಯಾಗಿ ನವೀಕರಿಸಲಿಲ್ಲವಾಗಿ ಅದು ಎಲ್ಲರ ಸ್ವತ್ತಾಯಿತು. ಸಿಕ್ಕಸಿಕ್ಕವರು ಪ್ರತಿಯ ಪ್ರತಿಯಿಂದ ಪ್ರತಿಮಾಡಿ ಮಾರಿದರು. ಮುಖಗಳು ಮಸುಕಾಗಿ, ಮಾತು ಗೊಗ್ಗರಾಗಿ, ಛಾಯಾಗ್ರಾಹಕನ ಶ್ರಮವೆಲ್ಲ ವ್ಯರ್ಥವಾದ ಪ್ರತಿಗಳೇ ಬಹುಕಾಲ ಹರಡಿದ್ದುವು. ಛತ್ರದ ಪಾತ್ರೆಯನ್ನು ಎಲ್ಲರೂ ಬಳಸುತ್ತಾರೆ, ಬೆಳಗುವವರು ಯಾರೂ ಇಲ್ಲ. ಸ್ವಾಮ್ಯವಂತರು ಹೇಳುವ ಮಾತು ಇದೇ: “ಹಳೆಯ ಚಿತ್ರವನ್ನು ಚೌಕಚೌಕವಾಗಿ ತೊಳೆದು, ಹರಿದುದನ್ನು ಹೊಂದಿಸಿ, ಹೊಸದಾಗಿ ಪ್ರತಿಮಾಡುವುದಕ್ಕೆ ಬಹಳ ಹಣ ಬೇಕು. ಲಾಭದ ಆಸೆಯಿಲ್ಲದಿದ್ದರೆ ಹಣಹಾಕುವವರು ಯಾರು?” ಈ ಮಾತಿನಲ್ಲಿ ಸತ್ಯವಿದೆ. ‘ಸ್ಕಾರ್‌ಫೇಸ್’ ಇಂದು ನಿರ್ಮಲವಾಗಿ ಕಾಣುವುದು ಅದಕ್ಕೊಬ್ಬ ಒಡೆಯನಿದ್ದು ಅದರಿಂದ ಅವನಿಗೆ ಆದಾಯವಿರುವುದರಿಂದಲೇ ಎಂಬುದನ್ನು ಮರೆಯಬಾರದು.

೫

ಈಗ ಅಂತರ್ಜಾಲದ ಮಾತು. ಬ್ರೂಸ್ಟರ್ ಕೇಲ್ ಎಂಬವರು ೧೯೯೬ರಲ್ಲಿ ಸ್ಥಾಪಿಸಿದ, ಸ್ಯಾನ್ ಫ್ರಾನ್ಸಿಸ್ಕೊ ನಗರದ ಇಂಟರ್‌ನೆಟ್ ಆರ್ಕೈವ್ ಎಂಬ ಸಂಸ್ಥೆಯಲ್ಲಿ ಸಾವಿರಾರು ಹಳೆಯ ಚಿತ್ರಗಳು ಎಲ್ಲರಿಗೂ ತೆರೆದಿವೆ. ಇಂತಹ ಸ್ಥಳಗಳಲ್ಲಿ ಸಾರ್ವಜನಿಕ ಸ್ವತ್ತಾದುವೂ ಇವೆ. ಒಡೆಯರು ಯಾರೆಂದೇ ತಿಳಿಯದ ಅನಾಥಕೃತಿಗಳೂ ಇವೆ. ಒಡೆಯರಿದ್ದೂ ಅಪ್ಪಣೆಯಿಲ್ಲದೆ ಯಾರೋ ತಂದಿಟ್ಟುವೂ ಸೇರಿಕೊಳ್ಳುತ್ತವೆ. ಉದ್ದೇಶ ಒಳ್ಳೆಯದೆಂದ ಮಾತ್ರಕ್ಕೆ ಶಾಸನ ಸುಮ್ಮನಿರದು. ಆ ಸಂಸ್ಥೆಯು ಅಚ್ಚಿನ ಪುಸ್ತಕಗಳನ್ನು ಗಣಕಪ್ರತಿಗಳಾಗಿ ಮಾಡಿ ಎರವಲು ಕೊಟ್ಟುದರ ವಿಷಯದಲ್ಲಿ ೨೦೨೦ರಲ್ಲಿ ಪ್ರಕಾಶಕರು ಹೂಡಿದ ವ್ಯಾಜ್ಯದಲ್ಲಿ, ೨೦೨೩ರಲ್ಲಿಯೂ ಮೇಲ್ಮನವಿಯಲ್ಲಿ ೨೦೨೪ರಲ್ಲಿಯೂ ತೀರ್ಪು ಸಂಸ್ಥೆಗೆ ವಿರೋಧವಾಗಿಯೇ ಆಯಿತು.

ಮತ್ತೊಂದು ತೊಡಕು ನಮ್ಮವರಿಗೆ ನೇರವಾಗಿ ಸಂಬಂಧಿಸಿದುದು. ಭಾರತದ ೧೯೫೭ರ ಕೃತಿಸ್ವಾಮ್ಯದ ಕಾಯಿದೆಯು ತಿದ್ದುಪಡಿಯಾಗಿ ಇಂದು ಇರುವಂತೆ, ಚಲಚ್ಚಿತ್ರದ ಸ್ವಾಮ್ಯವು ಪ್ರಕಟವಾದ ಮರುವರ್ಷದಿಂದ ಎಣಿಸಿ ೬೦ ವರ್ಷ ಮಾತ್ರ. ಈ ಎಣಿಕೆಯಿಂದ ೧೯೩೨ರ ಚಿತ್ರದ ಅವಧಿ ಇಲ್ಲಿ ಎಂದೋ ತೀರಿತು. ಅಮೆರಿಕಾದಲ್ಲಿ ೨೦೨೭ರ ಕೊನೆಯವರೆಗೂ ಇದೆ. ಒಂದೇ ಚಿತ್ರ ಸಮುದ್ರದ ಆಚೆ ದಡದಲ್ಲಿ ಒಬ್ಬನ ಸೊತ್ತು, ಈಚೆ ದಡದಲ್ಲಿ ಎಲ್ಲರ ಸೊತ್ತು. ಅಂತರ್ಜಾಲಕ್ಕೋ ದಡವೇ ಇಲ್ಲ. ಮಿತ್ರರ ಪ್ರಶ್ನೆಗೆ ಇಲ್ಲಿಯ ಕಾಯಿದೆಯ ಮಟ್ಟಿಗೆ ನಾನು ಕಳ್ಳನಲ್ಲವೆಂದು ಹೇಳಿ ತಪ್ಪಿಸಿಕೊಳ್ಳಬಹುದು. ಆದರೆ ದೇಶ ಬದಲಾದ ಮಾತ್ರಕ್ಕೆ ಬದಲಾಗುವ ಉತ್ತರವು ಮನಸ್ಸಿಗೆ ಸಮಾಧಾನ ಕೊಡುವುದಿಲ್ಲ. ದೇಶಕಾಲಗಳಿಗೆ ಒಳಪಟ್ಟ ಶಾಸನದ ಹಿಂದೆ ಒಂದು ಧರ್ಮವಿರಬೇಕಷ್ಟೆ, ಅದು ಯಾವುದು?

ಈ ಸಂದರ್ಭದಲ್ಲಿ ನನಗೆ ನೆನಪಿಗೆ ಬಂದುದು ಮನುಸ್ಮೃತಿಯ ಎಂಟನೆಯ ಅಧ್ಯಾಯದ ವ್ಯವಹಾರಪ್ರಕರಣ. ಆ ಗ್ರಂಥದ ಎಲ್ಲ ಮಾತುಗಳನ್ನೂ ಇಂದು ಒಪ್ಪಬೇಕೆಂದು ನಾನು ಹೇಳುವವನಲ್ಲ. ಆದರೆ ಒಡೆಯನು ಕಾಣದ ಸ್ವತ್ತಿನ ವಿಷಯದಲ್ಲಿ ಅಲ್ಲಿರುವ ನ್ಯಾಯವು ವಿಚಾರಾರ್ಹವಾಗಿದೆ. ಕಳೆದುಹೋದ ವಸ್ತು ಸಿಕ್ಕಿದರೆ ರಾಜನು ಅದನ್ನು ಮೂರು ವರ್ಷ ನಿಕ್ಷೇಪವಾಗಿ ಇಟ್ಟು ಕಾಯಬೇಕು. ಅಷ್ಟರಲ್ಲಿ ಒಡೆಯನು ಬಂದು ವಸ್ತುವಿನ ರೂಪ, ಸಂಖ್ಯೆ ಮೊದಲಾದುವನ್ನು ಸರಿಯಾಗಿ ಹೇಳಿದರೆ ಅವನಿಗೆ ಒಪ್ಪಿಸಬೇಕು. ಕಾಪಾಡಿದುದಕ್ಕಾಗಿ ಆರರಲ್ಲಿ, ಹತ್ತರಲ್ಲಿ ಅಥವಾ ಹನ್ನೆರಡರಲ್ಲಿ ಒಂದು ಪಾಲನ್ನು ರಾಜನು ತೆಗೆದುಕೊಳ್ಳಬಹುದು. ಅವಧಿ ಮೀರಿದರೆ ಅದು ರಾಜನಿಗೆ ಸೇರುವುದು. ಒಡೆಯನ ಹಕ್ಕು, ಕಾಯುವವನ ಶ್ರಮ, ವಸ್ತುವಿನ ಕ್ಷೇಮ ಈ ಮೂರಕ್ಕ್ಕೂ ಇಲ್ಲಿ ಸ್ಥಾನವಿದೆ.

ಇಂದಿನ ಶಾಸನಕಾರರೂ ಅಲ್ಲಲ್ಲಿ ಈ ದಾರಿಗೇ ಬಂದಿದ್ದಾರೆ. ಯೂರೋಪಿನ ಒಕ್ಕೂಟದವರು ೨೦೧೨ರಲ್ಲಿ ಅನಾಥಕೃತಿಗಳಿಗಾಗಿ ಹೊರಡಿಸಿದ ನಿರ್ದೇಶದಂತೆ, ಪುಸ್ತಕಭಂಡಾರಗಳೂ ಚಿತ್ರಭಂಡಾರಗಳೂ ಒಡೆಯನನ್ನು ಶ್ರದ್ಧೆಯಿಂದ ಹುಡುಕಿ, ಸಿಕ್ಕದಿದ್ದರೆ ಆ ಕೃತಿಯನ್ನು ಅಂತರ್ಜಾಲದಲ್ಲಿ ಜನರಿಗೆ ತೋರಿಸಬಹುದು. ಒಡೆಯನು ಆಮೇಲೆ ಬಂದರೆ ಅವನ ಹಕ್ಕು ಅವನಿಗೆ. ಅಮೆರಿಕಾದ ಕಾಯಿದೆಯಲ್ಲಿಯೂ, ಅವಧಿಯ ಕಡೆಯ ೨೦ ವರ್ಷಗಳಲ್ಲಿ, ಮಾರಾಟದಲ್ಲಿಲ್ಲದ ಹಾಗೂ ನ್ಯಾಯವಾದ ಬೆಲೆಗೆ ದೊರೆಯದ ಕೃತಿಯನ್ನು ಸಂರಕ್ಷಣೆಗಾಗಿಯೂ ಸಂಶೋಧನೆಗಾಗಿಯೂ ಭಂಡಾರಗಳು ಪ್ರತಿಮಾಡಬಹುದೆಂಬ ವಿಧಿಯುಂಟು. ೨೦೦೫ರಿಂದ ಅದು ಚಲಚ್ಚಿತ್ರಗಳಿಗೂ ಅನ್ವಯಿಸುತ್ತದೆ. ನನ್ನ ಅಭಿಪ್ರಾಯದಲ್ಲಿ ಇದನ್ನು ಕಡೆಯ ೨೦ ವರ್ಷಗಳಿಗೆ ಮಾತ್ರ ಮೀಸಲಿಡುವುದು ರೋಗಿಯು ಸಾಯುವ ಹೊತ್ತಿಗೆ ವೈದ್ಯನನ್ನು ಕರೆಸಿದಂತೆ. ಒಡೆಯನು ಒಂದು ತಲೆಮಾರಿನ ಕಾಲ, ಅಂದರೆ ಸುಮಾರು ೩೦ ವರ್ಷ, ತನ್ನ ಚಿತ್ರವನ್ನು ತೋರಿಸದೆಯೂ ಮಾರದೆಯೂ ಇಟ್ಟುಕೊಂಡರೆ, ಜವಾಬ್ದಾರಿಯುಳ್ಳ ಭಂಡಾರವೊಂದು ಬಹಿರಂಗವಾಗಿ ಪ್ರಕಟಣೆಮಾಡಿ ಅದನ್ನು ಪ್ರತಿಮಾಡಿ ತೋರಿಸಲು ಹಕ್ಕಿರಬೇಕು. ಒಡೆಯನು ಎಚ್ಚೆತ್ತು ಬಂದರೆ ಭಂಡಾರದ ಖರ್ಚನ್ನು ಕೊಟ್ಟು ತನ್ನ ಕೃತಿಯನ್ನು ಹಿಂಪಡೆಯಲಿ. ಈ ನಿಯಮ ಇದ್ದಿದ್ದರೆ ಹ್ಯೂಸನ ಬೀಗ ಅವನು ಬದುಕಿದ್ದಾಗಲೇ ತೆರೆಯುತ್ತಿದ್ದಿತು.

ಗುಟ್ಟಾಗಿ ‘ಸ್ಕಾರ್‌ಫೇಸ್’ ನೋಡಿದ ಆ ಹಳೆಯ ಅಭ್ಯಾಸಿಗಳನ್ನು ಏನೆನ್ನಬೇಕು? ಅವರದು ಆಪದ್ಧರ್ಮವೆಂದು ಕ್ಷಮಿಸಬಹುದು. ಆದರೆ ಆಪದ್ಧರ್ಮವನ್ನು ಆಪತ್ತಿಲ್ಲದಾಗ ಆಚರಿಸಿದರೆ ಅದು ಅಧರ್ಮವೇ. ಒಡೆಯನು ನ್ಯಾಯವಾದ ಬೆಲೆಗೆ ಕೊಡುತ್ತಿರುವ ಚಿತ್ರವನ್ನು, ನಿನ್ನೆ ಮೊನ್ನೆ ಬಿಡುಗಡೆಯಾದ ಚಿತ್ರವನ್ನು ಕದ್ದು ಹರಡುವವರು ‘ಸಂರಕ್ಷಣೆ’ ಎಂಬ ಪವಿತ್ರ ಶಬ್ದದ ಮರೆಯಲ್ಲಿ ನಿಲ್ಲಕೂಡದು. ಶರ್ವಿಲಕನೂ ತನ್ನ ಕನ್ನಕ್ಕೆ ಶಾಸ್ತ್ರಾಧಾರವನ್ನು ಹುಡುಕಿದನಷ್ಟೆ! ಈ ಅಳತೆಯಿಂದ ನನ್ನನ್ನೇ ನಾನು ಅಳೆದುಕೊಂಡರೆ, ಮಿತ್ರರ ಆಕ್ಷೇಪ ಪೂರ್ತಿ ಸುಳ್ಳಲ್ಲವೆಂದು ಒಪ್ಪಬೇಕಾಗಿದೆ. ಹಣಕೊಟ್ಟು ನೋಡುವ ದಾರಿಯಿದ್ದಿತೆ ಎಂದು ನಾನು ವಿಚಾರಿಸಿಯೇ ಇರಲಿಲ್ಲ. ಇನ್ನು ಮುಂದೆ ವಿಚಾರಿಸುವೆನು.

೬

ದೂರದೇಶದ ಈ ಕಥೆಯನ್ನು ನಮ್ಮ ಮನೆಗಳಲ್ಲಿ ಏಕೆ ಓದಬೇಕೆಂದು ಕೆಲವರು ಕೇಳಬಹುದು. ಕನ್ನಡದ ಮೊದಲನೆಯ ವಾಕ್ಚಿತ್ರ ‘ಸತೀ ಸುಲೋಚನಾ’ ೧೯೩೪ರಲ್ಲಿ ಬಂದಿತು, ವೈ. ವಿ. ರಾವ್ ನಿರ್ದೇಶಕರು, ಸುಬ್ಬಯ್ಯನಾಯ್ಡು, ನಾಗೇಂದ್ರರಾಯರು ನಟಿಸಿದ್ದರು. ಇಂದಿನ ಶಾಸನದ ಲೆಕ್ಕದಲ್ಲಿ ಅದರ ಮೇಲೆ ಯಾರ ಸ್ವಾಮ್ಯವೂ ಉಳಿದಿಲ್ಲ. ಅದನ್ನು ತೋರಿಸಲು ಯಾರ ಅಪ್ಪಣೆಯೂ ಬೇಡ. ಆದರೆ ತೋರಿಸುವುದಕ್ಕೆ ಅದರ ಪ್ರತಿಯೇ ಉಳಿದಿಲ್ಲ. ಪುಣೆಯ ರಾಷ್ಟ್ರೀಯ ಚಲಚ್ಚಿತ್ರಭಂಡಾರವು ೧೯೬೪ರಲ್ಲಿ ಸ್ಥಾಪನೆಯಾಗುವ ಹೊತ್ತಿಗೆ ಅಂತಹ ಎಷ್ಟೋ ಚಿತ್ರಗಳು ಕಾಲವಶವಾಗಿದ್ದುವು. ಉಳಿದುವುಗಳಲ್ಲಿಯೂ ಅನೇಕ ನೈಟ್ರೇಟ್ ಸುರುಳಿಗಳು ೨೦೦೩ರ ಬೆಂಕಿಯಲ್ಲಿ ಹೋದುವು. ಪುಸ್ತಕದ ಪ್ರತಿಗಳನ್ನು ಸಾರ್ವಜನಿಕ ಪುಸ್ತಕಭಂಡಾರಗಳಿಗೆ ಒಪ್ಪಿಸಬೇಕೆಂದು ೧೯೫೪ರ ಕಾಯಿದೆ ವಿಧಿಸಿತು. ಚಲಚ್ಚಿತ್ರಕ್ಕೆ ಆ ವಿಧಿ ಅನ್ವಯಿಸಲಿಲ್ಲ. ಅಮೆರಿಕಾದವರು ೯೫ ವರ್ಷದ ಅವಧಿ ದೀರ್ಘವಾಯಿತೆಂದು ವ್ಯಾಜ್ಯವಾಡುತ್ತಾರೆ. ನಮಗೆ ಬಿಡುಗಡೆ ಬೇಗ ಬಂದಿತು, ಬಿಡುಗಡೆಹೊಂದಬೇಕಾದವನು ಮಾತ್ರ ಸೆರೆಮನೆಯಲ್ಲಿಯೇ ತೀರಿಕೊಂಡಿದ್ದನು.

ಹತ್ತನೆಯ ಶತಮಾನದಲ್ಲಿ ಪೊನ್ನನ ‘ಶಾಂತಿಪುರಾಣ’ವು ಮರೆಯಾಗುವುದೆಂದು ಅಂಜಿ, ದಾನಚಿಂತಾಮಣಿ ಅತ್ತಿಮಬ್ಬೆಯು ಅದರ ಸಾವಿರ ಪ್ರತಿಗಳನ್ನು ಬರೆಯಿಸಿ ಹಂಚಿದಳೆಂದು ನಮ್ಮ ಪರಂಪರೆ ಹೇಳುತ್ತದೆ. ಆ ಓಲೆಯ ಪ್ರತಿಗಳನ್ನು ಪೆಟ್ಟಿಗೆಯಲ್ಲಿಟ್ಟು ಪೂಜೆಮಾಡಿಸಿದ್ದರೆ ಗೆದ್ದಲಿಗೆ ಸುಲಭವಾಗುತ್ತಿದ್ದಿತು. ಅವಳು ಒಂದನ್ನು ಸಾವಿರಮಾಡಿ ಸಾವಿರ ಮನೆಗಳಲ್ಲಿ ಇಟ್ಟಳು. ಈ ಪುಣ್ಯಕಾರ್ಯವನ್ನು ಅಂತರ್ಜಾಲವು ಅತ್ಯಲ್ಪ ವ್ಯಯದಿಂದ ಮಾಡಬಲ್ಲುದು. ಮಾಡುವವರು ಹೆಸರು, ವರ್ಷ, ಮೂಲ ಎಲ್ಲಿಂದ ಬಂದಿತೆಂಬ ವಿವರಗಳನ್ನು ಮರೆಮಾಚದೆ, ಕೃತಿಯನ್ನು ಕತ್ತರಿಸದೆ, ಬದುಕಿರುವ ಒಡೆಯನಿಗೆ ಸಲ್ಲತಕ್ಕುದನ್ನು ಸಲ್ಲಿಸಿ ಮಾಡಬೇಕು. ಒಡೆಯರಾದವರು ಸ್ವಾಮ್ಯವೆಂಬುದು ತಮ್ಮ ಕೈಯಲ್ಲಿಟ್ಟ ನಿಕ್ಷೇಪವೆಂದು ನೆನೆದು ನಡೆಯಬೇಕು. ನಮ್ಮ ಜಿಲ್ಲೆಯ ಹಳೆಯ ಚಿತ್ರಮಂದಿರಗಳ ಅಟ್ಟಗಳಲ್ಲಿಯೋ ಹಂಚಿಕೆದಾರರ ಮನೆಗಳಲ್ಲಿಯೋ ಒಂದಾದರೂ ತುಕ್ಕುಹಿಡಿದ ಡಬ್ಬಿ ಇನ್ನೂ ಇದ್ದರೂ ಇರಬಹುದು. ಓದುಗರಲ್ಲಿ ಯಾರ ಕಣ್ಣಿಗಾದರೂ ಬಿದ್ದರೆ ಅದನ್ನು ಹಳೆಯ ಸಾಮಾನಿನವರಿಗೆ ಹಾಕದೆ, ಬೆಂಕಿಯ ಬಳಿಗೂ ಒಯ್ಯದೆ, ಬಲ್ಲವರಿಗೆ ತಿಳಿಸಬೇಕೆಂದು ಪ್ರಾರ್ಥಿಸುತ್ತೇನೆ.